ಬುತ್ತಿ ಬಿಟ್ಟು ಗಡಿ ದಾಟಿದವರು

ವಿಡಿಯೊ ನೋಡೋಕೆ ಪುರುಸೊತ್ತಿಲ್ಲದವರಿಗೆ, ಆಫೀಸ್ ಬಸ್ಸಿನಲ್ಲಿ ಇಯರ್‌ಫೋನ್ ಇಲ್ಲದೆ ಕೂತವರಿಗೆ ಅಂತ ಈ ವಾರದ ಮಾತನ್ನ ಇಲ್ಲಿ ಬರೆದು ಹಾಕ್ತಾ ಇದ್ದೀನಿ. ಮಾತಾಡುವಾಗ ಅವಸರದಲ್ಲಿ ಬಿಟ್ಟುಹೋದ ಒಂದೆರಡು ವಿಷಯಗಳನ್ನೂ ಸೇರಿಸಿದ್ದೀನಿ.

ವಿಷಯ, ನೆಲದ ಮೇಲಿನ ದೂರಪ್ರಯಾಣ. ವಿಮಾನ ಹತ್ತದೆ ಭಾರತದಿಂದ ಯುರೋಪಿಗೆ ಹೋದವರು, ಯುರೋಪಿನಿಂದ ಭಾರತಕ್ಕೆ ಬಂದವರು, ಬಂದು ಅದನ್ನ ಪುಸ್ತಕವಾಗಿ ಬರೆದವರು. ಆದರೆ ನಾನು ಶುರು ಮಾಡೋದು ಹುಬ್ಬಳ್ಳಿ ಸ್ಟೇಷನ್ನಿನಿಂದ.

2011ರಲ್ಲಿ ಪುಣೆಯಲ್ಲಿ ನನ್ನ ಮೊದಲ ಕೆಲಸ. ರಾತ್ರಿ ಗಾಡಿ. ಅವ್ವ ಬುತ್ತಿ ಕಟ್ಟಿಕೊಟ್ಟಿದ್ದಳು. ಕಟಕ ರೊಟ್ಟಿ, ಶೇಂಗಾ ಚಟ್ನಿ, ಬದನೆಕಾಯಿ ಎಣ್ಣೆಗಾಯಿ, ಮರುದಿನಕ್ಕೂ ಆಗೋವಷ್ಟು. ಗಾಡಿ ಹೊರಡೋ ಹೊತ್ತಿಗೆ ಕಿಟಕಿಯ ಸರಳು ಹಿಡಿದು ಒಂದೇ ಮಾತು ಮೂರು ಸಲ ಹೇಳಿದಳು: "ಯಾರ ಏನ ಕೊಟ್ಟರೂ ತಿನ್ನಬ್ಯಾಡ." ರೈಲಿನಲ್ಲಿ ಬಿಸ್ಕತ್ತಿನಲ್ಲಿ ಮತ್ತು ಬರಿಸಿ ದೋಚೋ ಸುದ್ದಿ ಆಗ ಪೇಪರಿನಲ್ಲಿ ಮೇಲಿಂದ ಮೇಲೆ ಬರ್ತಿತ್ತು.

ಎದುರು ಸೀಟಿನಲ್ಲಿ ಮಿರಜಿಗೆ ಹೊರಟಿದ್ದ ಒಬ್ಬ ಅಜ್ಜಿ. ಡಬ್ಬಿ ಬಿಚ್ಚಿ, ಒಂದು ಪುರಣ ಪೋಳಿ ಮಡಚಿ ನನ್ನ ಕಡೆ ಚಾಚಿದರು. "ಘೇ ರೇ ಬಾಳಾ." ನಾನು "ನಕೋ, ಹೊಟ್ಟೆ ತುಂಬಿದೆ" ಅಂತ ಅರ್ಧ ಮರಾಠಿ ಅರ್ಧ ಕನ್ನಡದಲ್ಲಿ ಹೇಳಿ, ಗೋಡೆ ಕಡೆ ತಿರುಗಿ, ನನ್ನ ಬುತ್ತಿ ಬಿಚ್ಚಿಕೊಂಡು ಒಬ್ಬನೇ ತಿಂದೆ. ಹೊಟ್ಟೆ ತುಂಬಿದೆ ಅಂದವನು ಎರಡೇ ನಿಮಿಷಕ್ಕೆ ರೊಟ್ಟಿ ಮುರೀತಿರೋದನ್ನ ಅವರು ನೋಡಿದರು. ಏನೂ ಅನ್ನಲಿಲ್ಲ. ಡಬ್ಬಿ ಮುಚ್ಚಿದರು.

ಇದು ಮರೆತೇ ಹೋಗಿತ್ತು. ಎಷ್ಟೋ ವರ್ಷದ ಮೇಲೆ ಒಂದು ಪುಸ್ತಕ ಓದುವಾಗ ಆ ಡಬ್ಬಿ ಮುಚ್ಚಿದ ಸದ್ದು ಮತ್ತೆ ಕೇಳಿಸಿತು. ಆ ಪುಸ್ತಕದ ಕಥೆಯೇ ಇವತ್ತಿನದು.

ಬೆಂಗಳೂರಿನ ಒಂದು ಹೋಟೆಲಿನಲ್ಲಿ

1961ರ ಸೆಪ್ಟೆಂಬರ್. ಲಂಡನ್ನಿನಲ್ಲಿ 89 ವರ್ಷದ ಒಬ್ಬ ಮುದುಕರನ್ನ ಸರ್ಕಾರ ಜೈಲಿಗೆ ಹಾಕ್ತು. ಅವರು ಬರ್ಟ್ರಂಡ್ ರಸೆಲ್, ಜಗತ್ಪ್ರಸಿದ್ಧ ತತ್ತ್ವಜ್ಞಾನಿ, ನೊಬೆಲ್ ಪಡೆದವರು. ಅಣುಬಾಂಬಿನ ವಿರುದ್ಧ ಕಾನೂನುಭಂಗ ಚಳವಳಿಗೆ ಜನರನ್ನ ಕರೆದದ್ದು ಅವರ ಅಪರಾಧ. ಎರಡು ತಿಂಗಳ ಶಿಕ್ಷೆ. ವಯಸ್ಸು, ಆರೋಗ್ಯ ನೋಡಿ ಒಂದು ವಾರಕ್ಕೆ ಇಳಿಸಿದರು.

ಈ ಸುದ್ದಿಯನ್ನ ಬೆಂಗಳೂರಿನ ಒಂದು ಕಾಫಿ ಹೋಟೆಲಿನಲ್ಲಿ ಕೂತು ಪೇಪರಿನಲ್ಲಿ ಓದಿದವರು ಇಬ್ಬರು ಯುವಕರು. ಒಬ್ಬರು ಸತೀಶ್ ಕುಮಾರ್, ರಾಜಸ್ಥಾನದವರು. ಇನ್ನೊಬ್ಬರು ಇ. ಪಿ. ಮೆನನ್, ಕೇರಳ ಮೂಲದವರು. ಇಬ್ಬರೂ ವಿನೋಬಾ ಭಾವೆಯವರ ಭೂದಾನ ಚಳವಳಿಯಲ್ಲಿದ್ದವರು. ತೊಂಬತ್ತರ ಹತ್ತಿರದ ಮುದುಕ ಜೈಲಿಗೆ ಹೋಗ್ತಾನೆ, ನಾವಿಲ್ಲಿ ಕೂತು ಕಾಫಿ ಕುಡೀತಿದ್ದೀವಿ, ಅನ್ನೋ ನಾಚಿಕೆ ಅವರಿಗೆ. ಆ ಟೇಬಲ್ಲಿನಲ್ಲೇ ತೀರ್ಮಾನ ಆಯ್ತು: ದೆಹಲಿಯಿಂದ ಮಾಸ್ಕೋ, ಪ್ಯಾರಿಸ್, ಲಂಡನ್, ವಾಷಿಂಗ್ಟನ್, ನಾಲ್ಕೂ ರಾಜಧಾನಿಗೆ ನಡೆದುಕೊಂಡು ಹೋಗೋದು. ಆಗ ಅಣುಬಾಂಬು ಇದ್ದದ್ದು ಆ ನಾಲ್ಕು ದೇಶಗಳ ಹತ್ತಿರ ಮಾತ್ರ.

ಬೆಂಗಳೂರಿನ ಹೋಟೆಲಿನಲ್ಲಿ ಕಾಫಿ ಕುಡೀತಾ ನಾವೆಲ್ಲ ಎಷ್ಟು ತೀರ್ಮಾನ ಮಾಡಿಲ್ಲ ಹೇಳಿ. ಸ್ಟಾರ್ಟಪ್ಪು, ಗೋವಾ ಟ್ರಿಪ್ಪು, ಊರಿಗೆ ವಾಪಸ್ ಹೋಗಿ ತೋಟ ಮಾಡೋದು. ಬಿಲ್ ಕೊಟ್ಟು ಹೊರಗೆ ಬಂದರೆ ಅರ್ಧ ಕರಗಿರುತ್ತೆ. ಇವರದು ಕರಗಲಿಲ್ಲ.

ಆಶೀರ್ವಾದ ಕೇಳೋಕೆ ವಿನೋಬಾ ಹತ್ತಿರ ಹೋದರು. ವಿನೋಬಾ ಎರಡು ಷರತ್ತು ಹಾಕಿದರು. ಒಂದು, ಎಲ್ಲೇ ಹೋದರೂ ಸಸ್ಯಾಹಾರಿಗಳಾಗಿರಿ. ಎರಡು, ಕಿಸೆಯಲ್ಲಿ ಒಂದು ಪೈಸೆಯೂ ಇಟ್ಟುಕೊಳ್ಳಬೇಡಿ.

ಎರಡನೇದಕ್ಕೆ ಅವರು ಕೊಟ್ಟ ಕಾರಣ ಕೇಳಿ, ಯಾಕಂದ್ರೆ ಇಡೀ ಕಥೆಯ ಬೇರು ಅಲ್ಲಿದೆ. ದಿನವೆಲ್ಲ ನಡೆದು ಸಂಜೆ ಸುಸ್ತಾಗಿ ಒಂದು ಊರು ತಲುಪ್ತೀರಿ. ಕೈಯಲ್ಲಿ ದುಡ್ಡಿದ್ದರೆ ಹೋಟೆಲಿಗೆ ಹೋಗಿ ಊಟ ಮಾಡಿ, ವಸತಿಗೃಹದಲ್ಲಿ ಮಲಗಿ, ಬೆಳಿಗ್ಗೆ ಎದ್ದು ಮುಂದಕ್ಕೆ ಹೋಗ್ತೀರಿ. ಆ ಊರಿನ ಒಬ್ಬನ ಪರಿಚಯವೂ ಆಗೋದಿಲ್ಲ. ದುಡ್ಡಿಲ್ಲದಿದ್ದರೆ ಯಾರದಾದರೂ ಬಾಗಿಲು ತಟ್ಟಲೇಬೇಕು. ತಟ್ಟಿದ ಮೇಲೆ ಯಾರು, ಎಲ್ಲಿಂದ, ಯಾಕೆ ಅಂತ ಕೇಳ್ತಾರೆ. ಊಟಕ್ಕೆ ಕೂತಾಗ ಮಾಂಸ ಯಾಕೆ ತಿನ್ನೋದಿಲ್ಲ ಅಂತ ಕೇಳ್ತಾರೆ. ಅಲ್ಲಿಗೆ ಅಹಿಂಸೆಯ ಮಾತು ತಾನಾಗೇ ಬರುತ್ತೆ. ಭಾಷಣದ ಅಗತ್ಯ ಇಲ್ಲ.

ಇದನ್ನ ಕೇಳಿ ಹುಚ್ಚು ಅನ್ನಿಸಬಹುದು. ಆದರೆ ಸತೀಶ್ ಕುಮಾರ್‌ಗೆ ಇದು ಹೊಸದೇನೂ ಆಗಿರಲಿಲ್ಲ. ಅವರು ಒಂಬತ್ತನೇ ವಯಸ್ಸಿಗೆ ಜೈನ ಮುನಿಯಾದವರು. ಮುನಿಗಳು ವಾಹನ ಹತ್ತೋದಿಲ್ಲ, ಹಣ ಮುಟ್ಟೋದಿಲ್ಲ, ಮನೆಮನೆಗೆ ಹೋಗಿ ಕೊಟ್ಟದ್ದನ್ನ ತಿಂತಾರೆ. ಹಾಗೆ ಒಂಬತ್ತು ವರ್ಷ ಬರಿಗಾಲಲ್ಲಿ ನಡೆದು, ಕದ್ದುಮುಚ್ಚಿ ಗಾಂಧೀಜಿಯ ಆತ್ಮಕಥೆ ಓದಿ, ಹದಿನೆಂಟಕ್ಕೆ ಮುನಿಸಂಘ ಬಿಟ್ಟು ವಿನೋಬಾ ಹತ್ತಿರ ಬಂದಿದ್ದರು. ವಿನೋಬಾ ಕೂಡ 1951ರಲ್ಲಿ ಪೋಚಂಪಲ್ಲಿಯಲ್ಲಿ (ಹೈದರಾಬಾದಿನವರು ಶನಿವಾರ ಸೀರೆ ತರೋಕೆ ಹೋಗ್ತೀರಲ್ಲ, ಅದೇ ಊರು) ಮೊದಲ ಭೂದಾನ ಪಡೆದಾಗಿನಿಂದ ದೇಶ ಪೂರ್ತಿ ನಡೀತಾನೇ ಇದ್ದರು. ಅಂದರೆ ಪಾಶ್ಚಾತ್ಯ ಓದುಗರಿಗೆ ಸಾಹಸ ಅಂತ ಕಂಡದ್ದು ನಮ್ಮ ನೆಲದ ಒಂದು ಹಳೇ ಪದ್ಧತಿ. ಅದನ್ನ ಪಾಸ್‌ಪೋರ್ಟಿನ ಆಚೆಗೂ ಒಯ್ದದ್ದು ಇವರ ಹೊಸತನ.

ವಾಘಾ ಗೇಟಿನ ಹತ್ತಿರ

1962ರ ಜೂನ್ 1. ರಾಜಘಾಟದ ಗಾಂಧಿ ಸಮಾಧಿಯಿಂದ ಹೊರಟರು. ದೆಹಲಿಯ ಜೂನ್ ತಿಂಗಳ ಬಿಸಿಲು ಹೇಗಿರುತ್ತೆ ಅಂತ ಅಲ್ಲಿರೋರಿಗೆ ನಾನು ಹೇಳಬೇಕಿಲ್ಲ. ಪಂಜಾಬಿನ ಉದ್ದಕ್ಕೂ ನಡೆದು ವಾಘಾ ಗಡಿಗೆ ಬಂದರು.

ಅಲ್ಲಿವರೆಗೆ ಬೀಳ್ಕೊಡೋಕೆ ಬಂದಿದ್ದ ಆಪ್ತರು ಊಟದ ಪೊಟ್ಟಣ ತಂದಿದ್ದರು. ಆಚೆಗೆ ಪಾಕಿಸ್ತಾನ. ಕೈಯಲ್ಲಿ ದುಡ್ಡಿಲ್ಲ, ಗೊತ್ತಿದ್ದವರಿಲ್ಲ. ಇದನ್ನಾದರೂ ತಗೊಳ್ಳಿ ಅಂತ ಒತ್ತಾಯ. ಸತೀಶ್ ಬೇಡ ಅಂದರು. ಅವರ ಮಾತಿನ ಭಾವ ಹೀಗಿತ್ತು: ಇದು ಬರೀ ಊಟದ ಪೊಟ್ಟಣ ಅಲ್ಲ, ಅಪನಂಬಿಕೆಯ ಪೊಟ್ಟಣ. ಇದನ್ನ ಹೊತ್ತುಕೊಂಡು ಹೋದರೆ, ನೀವು ನನಗೆ ಊಟ ಹಾಕೋದಿಲ್ಲ ಅಂತ ಪಾಕಿಸ್ತಾನದವರಿಗೆ ಮೊದಲೇ ಹೇಳಿದ ಹಾಗಾಗುತ್ತೆ.

ಕಟ್ಟಿಕೊಟ್ಟವರ ಕಣ್ಣಲ್ಲಿ ನೀರು. ಬರಿಗೈಯಲ್ಲಿ ಗಡಿ ದಾಟಿದರು. ದಾಟಿದ ಸ್ವಲ್ಪ ಹೊತ್ತಿಗೆ ಆ ಕಡೆಯವರೊಬ್ಬರು ಎದುರಾಗಿ, ಶಾಂತಿಗೋಸ್ಕರ ನಡೆಯುತ್ತಿರೋ ಇಬ್ಬರು ಭಾರತೀಯರು ನೀವೇನಾ ಅಂತ ಕೇಳಿದರು. ಇವರ ಸುದ್ದಿ ಓದಿ ಅವರು ಹುಡುಕಿಕೊಂಡು ಬಂದಿದ್ದರು. ಲಾಹೋರಿನ ತಮ್ಮ ಮನೆಗೆ ಬನ್ನಿ ಅಂತ ಕರೆದರು. ಪಾಕಿಸ್ತಾನದಲ್ಲಿ ಮೊದಲ ಊಟ ಅವರ ಮನೆಯದು.

ನಾನು ಓದ್ತಾ ಓದ್ತಾ ಪುಸ್ತಕ ಕೆಳಗಿಟ್ಟದ್ದು ಇಲ್ಲೇ. ಮಿರಜಿನ ಅಜ್ಜಿ ನೆನಪಾದರು.

ನಾಲ್ಕು ಚಹಾ ಪೊಟ್ಟಣ

ಮುಂದಿನ ದಾರಿ: ಖೈಬರ್ ಕಣಿವೆ, ಅಫ್ಘಾನಿಸ್ತಾನ, ಇರಾನ್, ಅಲ್ಲಿಂದ ಸೋವಿಯತ್ ಒಕ್ಕೂಟದ ಆರ್ಮೇನಿಯಾ, ಜಾರ್ಜಿಯಾ. ಇವರು ನಡೀತಿರುವಾಗಲೇ 1962ರ ಅಕ್ಟೋಬರ್ ಬಂತು. ಒಂದು ಕಡೆ ಕ್ಯೂಬಾದ ಕ್ಷಿಪಣಿಗಳ ವಿಚಾರಕ್ಕೆ ಅಮೆರಿಕ ಮತ್ತು ರಷ್ಯಾ ಅಣುಯುದ್ಧದ ಅಂಚಿಗೆ ಬಂದು ನಿಂತವು. ಇನ್ನೊಂದು ಕಡೆ ಇವರ ಸ್ವಂತ ದೇಶದ ಮೇಲೆ ಚೀನಾ ದಾಳಿ ಮಾಡಿತು. ಶಾಂತಿಗಾಗಿ ನಡೆಯೋಕೆ ಇದಕ್ಕಿಂತ ಕೆಟ್ಟ ಕಾಲ, ಅಥವಾ ಇದಕ್ಕಿಂತ ಸರಿಯಾದ ಕಾಲ, ಇನ್ನೊಂದು ಇರಲಿಲ್ಲ.

ಕಪ್ಪು ಸಮುದ್ರದ ತೀರದಲ್ಲಿ ಒಂದು ಚಹಾ ಕಾರ್ಖಾನೆ. ಅಲ್ಲಿ ಕೆಲಸ ಮಾಡೋ ಇಬ್ಬರು ಹೆಂಗಸರು ಇವರನ್ನ ಒಳಗೆ ಕರೆದು ಚಹಾ, ಊಟ ಕೊಟ್ಟರು. ಮಾತಾಡ್ತಾ ಒಬ್ಬಾಕೆಗೆ ಏನೋ ಹೊಳೆದು, ಎದ್ದು ಹೋಗಿ ನಾಲ್ಕು ಚಹಾ ಪೊಟ್ಟಣ ತಂದುಕೊಟ್ಟರು. ನಾಲ್ಕು ರಾಜಧಾನಿಯ ನಾಲ್ಕು ನಾಯಕರಿಗೆ ಒಂದೊಂದು. ಬಾಂಬಿನ ಗುಂಡಿ ಒತ್ತಬೇಕು ಅಂತ ಅನ್ನಿಸಿದಾಗ ಒಂದು ನಿಮಿಷ ತಡೆದು ಈ ಚಹಾ ಮಾಡಿಕೊಂಡು ಕುಡೀರಿ, ಕುಡೀತಾ ಯೋಚನೆ ಮಾಡಿ ಅಂತ ಹೇಳಿ ಅಂದರು.

ಊಟದ ಪೊಟ್ಟಣ ಬೇಡ ಅಂದಿದ್ದವರು ಈ ಪೊಟ್ಟಣ ಹೊತ್ತುಕೊಂಡರು. ಮಾಸ್ಕೋಗೆ ಒಂದು ತಲುಪಿತು. ಪ್ಯಾರಿಸ್ಸಿನಲ್ಲಿ ಅಧ್ಯಕ್ಷ ಡಿ ಗಾಲ್ ಭೇಟಿಗೆ ಅವಕಾಶ ಸಿಗಲಿಲ್ಲ. ಅವರ ಅರಮನೆಯ ಮುಂದೆ ಪ್ರದರ್ಶನಕ್ಕೆ ನಿಂತದ್ದಕ್ಕೆ ಪೊಲೀಸರು ಹಿಡಿದು ಒಳಗೆ ಹಾಕಿದರು. ಯಾರು ಜೈಲಿಗೆ ಹೋದ ಸುದ್ದಿ ಓದಿ ಹೊರಟಿದ್ದರೋ ಅವರ ಹಾಗೇ ಇವರಿಗೂ ಜೈಲಾಯ್ತು. ಅಲ್ಲಿಂದ ಬಿಡುಗಡೆಯಾಗಿ ಇಂಗ್ಲೆಂಡಿಗೆ ಹೋಗಿ ಆ ಮುದುಕರನ್ನ ಕಂಡರು. ರಸೆಲ್ ಇನ್ನೂ ಗಟ್ಟಿಯಾಗಿದ್ದರು. ಅಟ್ಲಾಂಟಿಕ್ ಸಾಗರವನ್ನ ನಡೆದು ದಾಟೋಕೆ ಆಗೋದಿಲ್ಲವಲ್ಲ. ಅವರ ಮತ್ತು ಗೆಳೆಯರ ನೆರವಿನಿಂದ ಕ್ವೀನ್ ಮೇರಿ ಹಡಗಿನ ಟಿಕೆಟ್ ಸಿಕ್ಕಿತು.

ಅಷ್ಟರಲ್ಲಿ 1963ರ ನವೆಂಬರ್ 22ರಂದು ಅಧ್ಯಕ್ಷ ಕೆನಡಿಯ ಹತ್ಯೆ ಆಗಿತ್ತು. ನಾಲ್ಕನೇ ಪೊಟ್ಟಣ ಮುಟ್ಟಿಸಿ, ಆರ್ಲಿಂಗ್ಟನ್‌ನಲ್ಲಿರೋ ಕೆನಡಿ ಸಮಾಧಿಯ ಮುಂದೆ ನಡಿಗೆ ಮುಗಿಸಿದರು. ಗುಂಡೇಟಿಗೆ ಸತ್ತ ಒಬ್ಬರ ಸಮಾಧಿಯಿಂದ ಹೊರಟು, ಗುಂಡೇಟಿಗೆ ಸತ್ತ ಇನ್ನೊಬ್ಬರ ಸಮಾಧಿಯವರೆಗೆ. ಸುಮಾರು 13,000 ಕಿಲೋಮೀಟರ್. ಅಮೆರಿಕದಲ್ಲಿ ಮಾರ್ಟಿನ್ ಲೂಥರ್ ಕಿಂಗ್ ಅವರನ್ನೂ ಭೇಟಿಯಾದರು. ಸತೀಶ್ ಕುಮಾರ್ ಇದನ್ನೆಲ್ಲ 'ನೋ ಡೆಸ್ಟಿನೇಷನ್' ಅನ್ನೋ ಆತ್ಮಕಥೆಯಲ್ಲಿ ಬರೆದಿದ್ದಾರೆ. ನಾನು ಕೆಳಗಿಟ್ಟ ಪುಸ್ತಕ ಅದೇ.

ಎದುರಿನಿಂದ ಬಂದ ಸೈಕಲ್

ಇಲ್ಲಿಗೆ ಕಥೆ ಮುಗಿಸಿದ್ದರೆ ಇದು ಒಳ್ಳೇ ನೀತಿಕಥೆ ಆಗ್ತಿತ್ತು. ಆದರೆ ಇತಿಹಾಸ ಓದೋದು ನೀತಿಕಥೆಗೆ ಅಲ್ಲ. ಅದೇ ಚಳಿಗಾಲದಲ್ಲಿ ಎದುರು ದಿಕ್ಕಿನಿಂದ ಇನ್ನೊಬ್ಬರು ಹೊರಟರು. ಅವರನ್ನ ಪಕ್ಕದಲ್ಲಿ ನಿಲ್ಲಿಸದೆ ಈ ನಡಿಗೆ ಪೂರ್ತಿ ಅರ್ಥ ಆಗೋದಿಲ್ಲ.

ಡರ್ವ್ಲಾ ಮರ್ಫಿ. ಐರ್ಲೆಂಡಿನ ಲಿಸ್ಮೋರ್ ಅನ್ನೋ ಸಣ್ಣ ಊರಿನವರು. 1941ರಲ್ಲಿ ಹತ್ತನೇ ಹುಟ್ಟುಹಬ್ಬಕ್ಕೆ ಅವರಿಗೆ ಎರಡು ಉಡುಗೊರೆ ಸಿಕ್ಕಿತು: ಒಂದು ಸೆಕೆಂಡ್ ಹ್ಯಾಂಡ್ ಸೈಕಲ್, ಒಂದು ಅಟ್ಲಾಸ್. ಸೈಕಲ್ ತುಳೀತಾ ಕಾಲು ನೋಡಿಕೊಂಡು, ಹೀಗೇ ತುಳೀತಾ ಹೋದರೆ ಒಂದಿನ ಇಂಡಿಯಾ ತಲುಪಬಹುದು ಅಂದುಕೊಂಡರು. ಆ ದಿನ ಬರೋಕೆ ಇಪ್ಪತ್ತು ವರ್ಷಕ್ಕೂ ಹೆಚ್ಚು ಹಿಡೀತು. ಹಾಸಿಗೆ ಹಿಡಿದ ತಾಯಿಯನ್ನ ನೋಡಿಕೊಳ್ಳೋಕೆ ಹದಿನಾಲ್ಕಕ್ಕೇ ಶಾಲೆ ಬಿಟ್ಟವರು ಅವರು. ತಾಯಿ 1962ರಲ್ಲಿ ತೀರಿಕೊಂಡ ಮೇಲೆ, 1963ರ ಜನವರಿಯಲ್ಲಿ, ಯುರೋಪಿನ ಅತಿ ಕೆಟ್ಟ ಚಳಿಗಾಲಗಳಲ್ಲೊಂದರಲ್ಲಿ, ಫ್ರಾನ್ಸಿನ ಡನ್‌ಕರ್ಕ್‌ನಿಂದ ಒಬ್ಬರೇ ಪೆಡಲ್ ತುಳಿದರು. ಸೈಕಲ್ಲಿಗೆ ರಾಝ್ ಅಂತ ಹೆಸರು. ಡಾನ್ ಕ್ವಿಕ್ಸೋಟ್‌ನ ಬಡಕಲು ಕುದುರೆ ರೋಸಿನಾಂಟೆಯ ಮುದ್ದಿನ ಹೆಸರು.

ಚೀಲದಲ್ಲಿ ಒಂದು ಪಿಸ್ತೂಲು.

ಅದು ಅಲಂಕಾರಕ್ಕೆ ಇರಲಿಲ್ಲ. ಬಾಲ್ಕನ್ ಕಾಡಿನಲ್ಲಿ ತೋಳಗಳು ಮೇಲೆ ಬಿದ್ದಾಗ ಅದು ಉಳಿಸಿತು. ಇರಾನಿನಲ್ಲಿ ಕಳ್ಳರ ಗುಂಪನ್ನ ಅದನ್ನ ತೋರಿಸಿಯೇ ಓಡಿಸಿದರು. ಅದೇ ಇರಾನಿನಲ್ಲಿ ಒಂದು ಪೊಲೀಸ್ ಠಾಣೆಯೊಳಗೆ ಒಬ್ಬ ಮೈಮೇಲೆ ಕೈ ಹಾಕಿದಾಗ ಹೋರಾಡಿ ತಪ್ಪಿಸಿಕೊಂಡರು. ಅಫ್ಘಾನಿಸ್ತಾನದ ಬಸ್ಸಿನಲ್ಲಿ ಬಂದೂಕಿನ ಹಿಡಿ ಬಡಿದು ಮೂರು ಪಕ್ಕೆಲುಬು ಮುರಿದವು. ಇಷ್ಟಾದರೂ ಅವರ ಪುಸ್ತಕ 'ಫುಲ್ ಟಿಲ್ಟ್' (1965) ಓದಿದರೆ, ಇಡೀ ದಾರಿಯಲ್ಲಿ ಅವರು ಅತಿ ಹೆಚ್ಚು ಪ್ರೀತಿಸಿದ ದೇಶ ಅಫ್ಘಾನಿಸ್ತಾನವೇ. ಬಡ ಹಳ್ಳಿಗರು ಕೊಟ್ಟ ರೊಟ್ಟಿ, ಚಹಾ, ಮಲಗೋ ಜಾಗ, ಎಲ್ಲವನ್ನ ರಾತ್ರಿ ರಾತ್ರಿ ದಿನಚರಿಯಲ್ಲಿ ಬರೆದಿಟ್ಟರು. 1963ರ ಜುಲೈನಲ್ಲಿ ದೆಹಲಿ ಸೇರಿದರು. ಆಮೇಲೆ ಧರ್ಮಶಾಲಾಗೆ ಹೋಗಿ ಟಿಬೆಟಿನ ನಿರಾಶ್ರಿತ ಮಕ್ಕಳ ಆರೈಕೆಗೆ ನಿಂತರು.

ಈಗ ಎರಡನ್ನೂ ಎದುರುಬದುರು ಇಟ್ಟು ನೋಡಿ. ಹೆಚ್ಚುಕಡಿಮೆ ಅದೇ ಕಾಲ. ಲಾಹೋರ್, ಕಾಬೂಲ್, ಟೆಹರಾನ್, ಬಹುಪಾಲು ಅದೇ ಸೀಮೆ. ಒಬ್ಬರ ಚೀಲದಲ್ಲಿ ಪಿಸ್ತೂಲಿದೆ, ಇನ್ನೊಬ್ಬರಲ್ಲಿ ರೊಟ್ಟಿಯೂ ಇಲ್ಲ. ಹಾಗಾದರೆ ಡರ್ವ್ಲಾ ಜನರನ್ನ ನಂಬಲಿಲ್ಲ, ಸತೀಶ್ ನಂಬಿದರು ಅಂತ ಬರೆದುಬಿಡೋಣವಾ? ನನಗೆ ಅದು ಅನ್ಯಾಯ ಅನ್ನಿಸುತ್ತೆ. ಸತೀಶ್, ಮೆನನ್ ಇಬ್ಬರು, ಅದೂ ಗಂಡಸರು. ಅವರಿಗೆ ಗೊತ್ತಿಲ್ಲದ ಮನೆಯ ಬಾಗಿಲು ತಟ್ಟೋದು ಪರೀಕ್ಷೆ. ಒಬ್ಬಂಟಿ ಹೆಣ್ಣಿಗೆ ಆ ಬಾಗಿಲು ತೆರೆದಮೇಲೆ ಪರೀಕ್ಷೆ ಶುರು. ಪಿಸ್ತೂಲು ಇಟ್ಟುಕೊಂಡೂ ಆಕೆ ಪ್ರತಿ ರಾತ್ರಿ ಅಪರಿಚಿತರ ನಡುವೆ ಮಲಗಿದರು ಅನ್ನೋದೇ ಅವರ ನಂಬಿಕೆಯ ಲೆಕ್ಕ.

ಇನ್ನೂ ಒಂದು ಮಾತು ಹೇಳಲೇಬೇಕು. ಸತೀಶ್ ಆಗ ಮದುವೆಯಾಗಿದ್ದವರು. ಅವರು ದುಡ್ಡು ಮುಟ್ಟದೆ ಜಗತ್ತು ಸುತ್ತೋಕೆ, ಮನೆಯಲ್ಲಿ ಯಾರೋ ದುಡ್ಡಿನ ಲೆಕ್ಕ ಹಾಕ್ತಾ ಕೂತಿದ್ದರು. ಪ್ರವಾಸಕಥನಗಳಲ್ಲಿ ಹೊರಟವರ ಹೆಸರು ಮುಖಪುಟದಲ್ಲಿ ಇರುತ್ತೆ. ಉಳಿದವರದು ಒಳಗೆಲ್ಲೋ ಒಂದು ಸಾಲಿನಲ್ಲಿ. ರೊಟ್ಟಿ ಕೊಟ್ಟ ಎಷ್ಟೋ ಹೆಂಗಸರ ಹೆಸರಂತೂ ಯಾವ ಪುಸ್ತಕದಲ್ಲೂ ಇಲ್ಲ. ಇಡೀ ಯಾತ್ರೆ ನಡೆದದ್ದು ಅವರ ಒಲೆಯ ಮೇಲೆ.

ಆ ದಾರಿ ಈಗ

ಅವರಿಗೆ ಸಿಕ್ಕ ದಾರಿಯ ಬಗ್ಗೆಯೂ ಸ್ವಲ್ಪ ಹೇಳ್ತೀನಿ. 1923ರಲ್ಲೇ ಮುಂಬೈನ ಪಾರ್ಸಿ ಯುವಕರು ಸೈಕಲ್ಲಿನಲ್ಲಿ ವಿಶ್ವ ಸುತ್ತೋಕೆ ಹೊರಟು, ಅವರಲ್ಲಿ ಮೂವರು 1928ರಲ್ಲಿ ವಾಪಸ್ ಮುಂಬೈ ಮುಟ್ಟಿದ್ದರು. 1957ರಲ್ಲಿ ಲಂಡನ್ನಿನಿಂದ ಕಲಕತ್ತೆಗೆ ಬಸ್ಸೇ ಶುರುವಾಯ್ತು. ಏಪ್ರಿಲ್ 15ಕ್ಕೆ ಹೊರಟ 'ಇಂಡಿಯಾಮನ್' ಬಸ್ಸು ಜೂನ್ 5ಕ್ಕೆ ಕಲಕತ್ತೆ ತಲುಪಿತು. ಟಿಕೆಟ್ 85 ಪೌಂಡ್. ಅರವತ್ತು, ಎಪ್ಪತ್ತರ ದಶಕದಲ್ಲಿ ಇದೇ ಹಿಪ್ಪಿಗಳ ದಾರಿ ಆಯ್ತು. ಇಸ್ತಾಂಬುಲ್, ಟೆಹರಾನ್, ಕಾಬೂಲ್ ದಾಟಿ ಸಾವಿರಾರು ಜನ ದೆಹಲಿಗೆ, ಗೋವಾಕ್ಕೆ, ಕಾಠ್ಮಂಡುವಿಗೆ ಬಂದರು.

1979 ಒಂದೇ ವರ್ಷದಲ್ಲಿ ಎಲ್ಲ ಮುಗೀತು. ಫೆಬ್ರುವರಿಯಲ್ಲಿ ಇರಾನಿನ ಕ್ರಾಂತಿ, ಡಿಸೆಂಬರಿನಲ್ಲಿ ಅಫ್ಘಾನಿಸ್ತಾನಕ್ಕೆ ಸೋವಿಯತ್ ಸೇನೆ. ಇವತ್ತು ಒಬ್ಬ ಭಾರತೀಯ ವಾಘಾ ದಾಟಿ ಪೇಶಾವರ, ಕಾಬೂಲ್ ಮೇಲೆ ಟೆಹರಾನಿಗೆ ನಡೆದುಕೊಂಡು ಹೋಗ್ತೀನಿ ಅಂದರೆ ಅವನ ನಡಿಗೆ ವೀಸಾ ಕೌಂಟರಿನಲ್ಲೇ ನಿಲ್ಲುತ್ತೆ. ಅಣುಬಾಂಬಿರೋ ದೇಶಗಳು ನಾಲ್ಕರಿಂದ ಒಂಬತ್ತಾಗಿವೆ. ನಮ್ಮದೂ ಅದರಲ್ಲಿ ಒಂದು. 1974ರಲ್ಲಿ ಮೊದಲ ಪರೀಕ್ಷೆ ನಡೆದ ಪೋಖ್ರಾನ್ ಸತೀಶ್ ಹುಟ್ಟಿದ ರಾಜಸ್ಥಾನದಲ್ಲೇ ಇದೆ. ವಾಘಾ ಗೇಟಿನ ಎರಡೂ ಕಡೆ ಈಗ ಬಾಂಬಿದೆ.

ಹಾಗಂತ ಆ ನಡಿಗೆ ವ್ಯರ್ಥವಾ? ಚಹಾ ಕುಡಿದು ಯಾರಾದರೂ ಬಾಂಬು ಕೈಬಿಟ್ಟರು ಅಂತ ನಾನು ಹೇಳೋದಿಲ್ಲ. ಆದರೆ ಎರಡು ವರ್ಷ ಪ್ರತಿ ಸಂಜೆ ಯಾವುದೋ ಊರಿನ ಯಾರೋ ಒಬ್ಬರು ಅಪರಿಚಿತರಿಗೆ ಬಾಗಿಲು ತೆಗೆದರು ಅನ್ನೋದಕ್ಕೆ ಆ ಪುಸ್ತಕ ದಾಖಲೆ. ಕ್ಯೂಬಾ ಬಿಕ್ಕಟ್ಟಿನ ಸರ್ಕಾರಿ ಕಡತಗಳಲ್ಲಿ ಅದು ಸಿಗೋದಿಲ್ಲ.

ನಮ್ಮ ಬಾಗಿಲು

ಕೊನೆಗೆ ನನ್ನ ವಿಷಯ. ವಿನೋಬಾ 1962ರಲ್ಲಿ ಆ ಇಬ್ಬರು ಹುಡುಗರಿಗೆ ಹೇಳಿದ ಮಾತು, ದುಡ್ಡಿದ್ದರೆ ಯಾರನ್ನೂ ಭೇಟಿಯಾಗದೆ ಊರು ದಾಟಿಬಿಡ್ತೀರಿ ಅನ್ನೋದು, ನನ್ನ ಪುಣೆಯ ಬದುಕಿನ ವರದಿ ಇದ್ದ ಹಾಗಿದೆ. ಹಾಲು, ತರಕಾರಿ, ಊಟ, ಔಷಧಿ, ಎಲ್ಲ ಫೋನಿನಲ್ಲಿ ಒತ್ತಿದರೆ ಬಾಗಿಲಿಗೆ ಬರುತ್ತೆ. ಸಕ್ಕರೆ ಖಾಲಿಯಾದರೂ ಪಕ್ಕದ ಮನೆಗೆ ಹೋಗೋ ಪ್ರಸಂಗ ಬರೋದಿಲ್ಲ. ಒಂದೇ ಮಹಡಿಯಲ್ಲಿ ಆರು ವರ್ಷ ಇದ್ದೆ. ಎದುರು ಫ್ಲ್ಯಾಟಿನವರ ಮನೆಯಲ್ಲಿ ಸಾವಾಗಿದ್ದು ನನಗೆ ತಿಳಿದದ್ದು ಸೊಸೈಟಿಯ ವಾಟ್ಸ್ಆ್ಯಪ್ ಗುಂಪಿನಿಂದ. ನಡುವೆ ಇದ್ದದ್ದು ಎಂಟು ಹೆಜ್ಜೆ. 13,000 ಕಿಲೋಮೀಟರ್ ಓದಿದವನಿಗೆ ಆ ಎಂಟು ಹೆಜ್ಜೆ ದಾಟೋಕೆ ಕಾಲು ಬರಲಿಲ್ಲ. ಅವತ್ತು ದಾಟಿದೆ, ತಡವಾಗಿ. ಆ ಮನೆಯ ಕಾಕೂ ಮೊದಲು ಕೇಳಿದ್ದು, "ಜೇವಣ ಝಾಲಂ ಕಾ?" ಅಂತ. ಸೂತಕದ ಮನೆಯವರು ನನ್ನ ಊಟ ಆಯ್ತಾ ಅಂತ ಕೇಳಿದರು.

ಆದರೂ ಸತೀಶ್ ಕುಮಾರ್ ಅವರ ಜೊತೆ ನನ್ನ ಒಂದು ಸಣ್ಣ ತಕರಾರಿದೆ. ಅವ್ವ ಕಟ್ಟಿದ ಬುತ್ತಿಯನ್ನ ಅಪನಂಬಿಕೆಯ ಪೊಟ್ಟಣ ಅಂತ ಕರೆಯೋಕೆ ನನಗೆ ಮನಸ್ಸು ಒಪ್ಪೋದಿಲ್ಲ. ಬೆಳಗಿನ ಜಾವ ಎದ್ದು ರೊಟ್ಟಿ ಬಡಿದವಳ ಕೈಗೆ ಆ ಹೆಸರು ಇಡಲಾರೆ. ನಮ್ಮ ಕಡೆ ಹೊಲದಲ್ಲಿ ಬುತ್ತಿ ಬಿಚ್ಚಿದರೆ, ದಾರಿಯಲ್ಲಿ ಹೋಗೋರನ್ನೂ "ಬರ್ರಿ, ಊಟ ಮಾಡ್ರಿ" ಅಂತ ಕರೆಯೋ ರೂಢಿ ಇದೆ. ಎರಡು ರೊಟ್ಟಿ ಹೆಚ್ಚಿಗೆ ಕಟ್ಟೋದೇ ಅದಕ್ಕೆ. ಅವತ್ತು ರೈಲಿನಲ್ಲಿ ನನ್ನ ತಪ್ಪು ಬುತ್ತಿ ಒಯ್ದದ್ದಲ್ಲ. ಗೋಡೆ ಕಡೆ ತಿರುಗಿ ತಿಂದದ್ದು. ಅಜ್ಜಿಯ ಪೋಳಿ ಬೇಡವಾಗಿದ್ದರೂ, ನನ್ನ ರೊಟ್ಟಿ ಅವರ ಕಡೆ ಚಾಚೋಕೆ ಯಾರೂ ಅಡ್ಡ ಬಂದಿರಲಿಲ್ಲ.

ಈಗಲೂ ಊರಿಂದ ಹೊರಟಾಗ ಅವ್ವ ಬುತ್ತಿ ಕಟ್ತಾಳೆ, ಅದೇ ಮಾತು ಹೇಳ್ತಾಳೆ. ನಾನು ಹೂಂ ಅಂತೀನಿ. ಮಿರಜ್ ಬರೋದರೊಳಗೆ ಡಬ್ಬಿ ಬಿಚ್ಚಿ, ಎದುರು ಕೂತವರಿಗೆ ಮೊದಲು ಚಾಚ್ತೀನಿ. ಕೆಲವರು ಬೇಡ ಅಂತಾರೆ. ಅವರ ಮನೆಯಲ್ಲೂ ಯಾರೋ ಹೇಳಿ ಕಳಿಸಿರ್ತಾರೆ.